ಸಾಲ್ಯಾಗ, ಆಟದಾಗ ಹೆಣ್ಮಕ್ಕಳಿಗೆ ತಾರತಮ್ಯ ಆದ್ರ ಅರ್ಜಿ ಎಲ್ಲಿ ಕೊಡಬೇಕು, ಹೆಂಗ ಬರೀಬೇಕು

ತಾಲೂಕು ಕ್ರೀಡಾಕೂಟಕ್ಕ ಹುಡುಗರ ಕಬಡ್ಡಿ ಟೀಮ್ ಹೋಗತೈತಿ, ಹುಡುಗ್ಯಾರ ಟೀಮ್ ಹೋಗಂಗಿಲ್ಲ, ಯಾಕ್ರಿ ಸರ್ ಅಂದ್ರ "ಕರ್ಕೊಂಡು ಹೋಗಾಕ ಲೇಡಿ ಟೀಚರ್ ಇಲ್ರಿ" ಅಂತಾರ. ಕೊಪ್ಪಳ, ರಾಯಚೂರು, ಬಳ್ಳಾರಿ ಕಡೆ ಹಳ್ಳಿ ಸಾಲ್ಯಾಗ ಇದು ಹೊಸ ಮಾತಲ್ಲ. ನಾವೂ ಹೌದಲ್ಲ ಅಂದ್ಕೊಂಡು ಮನಿಗೆ ಬರತೀವಿ. ಹಂಗ ಬರಬ್ಯಾಡ್ರಿ. ಟೀಚರ್ ಇಲ್ಲ ಅನ್ನೋದು ಇಲಾಖೆ ಸಮಸ್ಯೆ, ಅದರ ದಂಡ ನಿಮ್ಮ ಮಗಳು ಯಾಕ ಕಟ್ಟಬೇಕು?

ಮೊದಲು ಒಂದು ವಿಷಯ ತಿಳ್ಕೊಳ್ರಿ. ಅಮೆರಿಕಾದಾಗ 1972ರಲ್ಲಿ ಟೈಟಲ್ ನೈನ್ ಅಂತ ಕಾನೂನು ಬಂತು, ಕೇಂದ್ರ ಸರ್ಕಾರದ ದುಡ್ಡು ತಗೊಳೋ ಯಾವ ಸಾಲಿ-ಕಾಲೇಜೂ ಹೆಣ್ಣು-ಗಂಡು ಅಂತ ಭೇದ ಮಾಡಂಗಿಲ್ಲ, ಆಟದಾಗೂ ಮಾಡಂಗಿಲ್ಲ ಅಂತ. ನಮ್ಮಲ್ಲಿ ಅಂಥಾ ಒಂದೇ ಕಾನೂನು ಇಲ್ಲ, ನಾವು ಕೌದಿ ಹೊಲಿದಂಗ ತುಂಡು ತುಂಡು ಜೋಡಿಸ್ಕೋಬೇಕು. ಸಂವಿಧಾನದ 15ನೇ ವಿಧಿ, ಲಿಂಗದ ಆಧಾರದ ಮ್ಯಾಲೆ ಸರ್ಕಾರ ತಾರತಮ್ಯ ಮಾಡಂಗಿಲ್ಲ ಅನ್ನತೈತಿ, ಅದರದ್ದೇ 3ನೇ ಉಪವಿಧಿ ಹೆಣ್ಮಕ್ಕಳಿಗೆ ವಿಶೇಷ ಸೌಲಭ್ಯ ಮಾಡಬಹುದು ಅನ್ನತೈತಿ, ಅಂದ್ರ ಹುಡುಗ್ಯಾರಿಗೆ ಬ್ಯಾರೆ ಟೀಮ್, ಬ್ಯಾರೆ ಹಾಸ್ಟೆಲ್ ಮಾಡೋದು ತಪ್ಪಲ್ಲ, ಮಾಡದೇ ಬಿಡೋದು ತಪ್ಪು. ಆಮೇಲೆ 2009ರ ಶಿಕ್ಷಣ ಹಕ್ಕು ಕಾಯ್ದೆ, ನಾವೆಲ್ಲ ಆರ್‌ಟಿಇ ಅಂತೀವಲ್ಲ ಅದು, 6ರಿಂದ 14 ವರ್ಷದ ಮಕ್ಕಳಿಗೆ. ಆರ್‌ಟಿಇ ಅಂದ್ರ ಪ್ರೈವೇಟ್ ಸಾಲ್ಯಾಗ ಫ್ರೀ ಸೀಟು ಅಷ್ಟೇ ಅಂತ ಬಾಳ ಮಂದಿ ತಿಳ್ಕೊಂಡಾರ, ಆದ್ರ ಹುಡುಗ್ರಿಗೆ ಹುಡುಗ್ಯಾರಿಗೆ ಬ್ಯಾರೆ ಬ್ಯಾರೆ ಶೌಚಾಲಯ, ಆಟದ ಮೈದಾನ, ಆಟದ ಸಾಮಾನು ಇರಬೇಕು ಅಂತ ಅದರ ಅನುಸೂಚಿಯೊಳಗ ಬರದೈತಿ, ಮತ್ತ ಇದು ಪ್ರೈವೇಟ್ ಸಾಲಿಗೂ ಅನ್ವಯ. ಇನ್ನೊಂದು ಐತಿ, ಅದನ್ನ ಯಾರೂ ಅರ್ಜ್ಯಾಗ ಬರಿಯಂಗಿಲ್ಲ. ಮಹಿಳೆಯರ ವಿರುದ್ಧದ ತಾರತಮ್ಯ ತೊಡೆದು ಹಾಕೋ ವಿಶ್ವಸಂಸ್ಥೆ ಒಪ್ಪಂದ, ಭಾರತ 1993ರಲ್ಲಿ ಅನುಮೋದನೆ ಕೊಟ್ಟೈತಿ, ಅದರ 10ನೇ ವಿಧಿಯೊಳಗ ಕ್ರೀಡೆ ಮತ್ತ ದೈಹಿಕ ಶಿಕ್ಷಣದಾಗ ಸಮಾನ ಅವಕಾಶ ಅಂತ ನೇರಾನೇರ ಐತಿ. ಇದನ್ನ ಒಂದು ಸಾಲು ಬರದ್ರ ಅರ್ಜಿಗೆ ತೂಕ ಬರತೈತಿ.

ಈಗ ಕೆಲಸಕ್ಕ ಬರೋಣು. ಅರ್ಜಿ ಬರಿಯೋಕಿಂತ ಮೊದಲು ಒಂದು ಹಾಳ್ಯಾಗ ನಡುವ ಗೆರಿ ಹೊಡೀರಿ, ಒಂದು ಕಡೆ ಗಂಡು ಹುಡುಗ್ರಿಗೆ ಸಾಲ್ಯಾಗ ಏನೇನು ಸಿಗತೈತಿ ಬರೀರಿ, ಇನ್ನೊಂದು ಕಡೆ ಹುಡುಗ್ಯಾರಿಗೆ. ಯಾವ ಯಾವ ಆಟಕ್ಕ ಟೀಮ್ ಐತಿ, ಪಿಇ ಪೀರಿಯಡ್‌ನ್ಯಾಗ ಹುಡುಗ್ರು ವಾಲಿಬಾಲ್ ಆಡೋ ಹೊತ್ತಿನ್ಯಾಗ ಹುಡುಗ್ಯಾರು ಏನು ಮಾಡತಾರ (ಕಸ ಹೊಡಿಯಾಕ ಹಚ್ಚಿದ್ರ ಅದನ್ನೂ ಬರೀರಿ), ಆಟಕ್ಕ ಡ್ರೆಸ್ಸು, ಬಸ್ ಚಾರ್ಜು ಯಾರಿಗೆ ಕೊಟ್ಟಾರ, ಬೀಗ ಹಾಕಿದ ಶೌಚಾಲಯ ಯಾವುದು, ತಾರೀಖು ಸಮೇತ. "ನಮ್ಮ ಹುಡುಗಿಗೆ ಅನ್ಯಾಯ ಆಗೈತಿ" ಅಂತಷ್ಟೇ ಬರದ್ರ ಸಾಹೇಬ್ರು ನೋಡೋಣು ಅಂತ ಬದಿಗಿಡತಾರ, ಆದ್ರ ಹುಡುಗ್ರಿಗೆ ಇದು ಸಿಕ್ಕೈತಿ ಹುಡುಗ್ಯಾರಿಗೆ ಸಿಕ್ಕಿಲ್ಲ ಅಂತ ಪಟ್ಟಿ ಇಟ್ಟ್ರ ಉತ್ತರ ಕೊಡಲೇಬೇಕಾಗತೈತಿ. ಇಡೀ ಅರ್ಜಿಯ ಜೀವ ಈ ಪಟ್ಟ್ಯಾಗೇ ಐತಿ.

ದುಡ್ಡಿನ ಲೆಕ್ಕಾನೂ ಕೇಳ್ರಿ. ಸಮಗ್ರ ಶಿಕ್ಷಣ ಯೋಜನೆಯೊಳಗ ಸರ್ಕಾರಿ ಸಾಲಿಗೆ ಆಟದ ಸಾಮಾನಿಗೆ ಅಂತ ವರ್ಷಕ್ಕ ಪ್ರಾಥಮಿಕಕ್ಕ 5,000, ಹಿರಿಯ ಪ್ರಾಥಮಿಕಕ್ಕ 10,000, ಹೈಸ್ಕೂಲಿಗೆ 25,000 ರೂಪಾಯಿವರೆಗೆ ಅನುದಾನಕ್ಕ ಅವಕಾಶ ಐತಿ. ನಿಮ್ಮ ಸಾಲಿಗೆ ಎಷ್ಟು ಬಂತು, ಏನು ತಂದ್ರು, ಹುಡುಗ್ಯಾರು ಆಡೋ ಆಟಕ್ಕ ಏನು ತಂದ್ರು ಅಂತ ಬಾಯಿಲೆ ಕೇಳಿದ್ರ ಹೇಳದಿದ್ರ ಮಾಹಿತಿ ಹಕ್ಕಿನ ಅರ್ಜಿ ಹಾಕ್ರಿ, ಫೀ 10 ರೂಪಾಯಿ, ಬಿಪಿಎಲ್ ಕಾರ್ಡ್ ಇದ್ರ ಅದೂ ಇಲ್ಲ, 30 ದಿನದಾಗ ಉತ್ತರ ಬರಬೇಕು.

ಮೊದಲ ಅರ್ಜಿ ಹೆಡ್‌ಮಾಸ್ಟರಿಗೆ, ಒಂದು ಕಾಪಿ ಎಸ್‌ಡಿಎಂಸಿಗೆ, ಅಂದ್ರ ಶಾಲಾ ಅಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿಗೆ. ಶಿಕ್ಷಣ ಹಕ್ಕು ಕಾಯ್ದೆ ಪ್ರಕಾರ ಸಮಿತಿಯೊಳಗ ನಾಕರಾಗ ಮೂರು ಪಾಲು ಪಾಲಕರು ಇರಬೇಕು, ಅರ್ಧ ಹೆಣ್ಮಕ್ಕಳು ಇರಬೇಕು. ಹೆಸರಿಗೆ ಇರತಾರ, ಸಹಿ ಮಾತ್ರ ಮನ್ಯಾಗಿಂದ ಗಂಡ ಮಾಡಿಸ್ಕೊಂಡು ಹೋಗತಾನ. ಆ ತಾಯಂದಿರನ್ನ ಖುದ್ದು ಕರ್ಕೊಂಡು ಬಂದು ಸಭೆಯೊಳಗ ಕುಂದರಸ್ರಿ, ಠರಾವು ಪುಸ್ತಕದಾಗ ವಿಷಯ ಬರಸ್ರಿ. ಟೀಮ್ ಜೋಡಿ ಹೋಗಾಕ ಟೀಚರ್ ಇಲ್ಲ ಅಂದ್ರ ಅದೇ ಸಭೆಯೊಳಗ ಒಬ್ಬಾಕಿ ತಾಯಿ ನಾನು ಹೋಗತೀನಿ ಅಂತ ಬರದು ಕೊಡಲಿ, ಮತ್ತ ಪಕ್ಕದ ಸಾಲ್ಯಾಗಿಂದ ಒಬ್ಬ ಶಿಕ್ಷಕಿಯನ್ನ ನಿಯೋಜನೆ ಮಾಡ್ರಿ ಅಂತ ಬಿಇಒಗೆ (ತಾಲೂಕಿನ ಕ್ಷೇತ್ರ ಶಿಕ್ಷಣಾಧಿಕಾರಿ) ಬರೀರಿ. ಅಲ್ಲಿಗೆ ಅವರ ಕಾರಣ ಮುಗೀತು.

ಬಿಇಒಗೆ ಕೊಡೋ ಅರ್ಜಿ ಉದ್ದ ಬ್ಯಾಡ. ಇಷ್ಟು ಸಾಕು: "ನಮ್ಮ ಶಾಲೆಯಿಂದ ಬಾಲಕರ ಕಬಡ್ಡಿ ತಂಡವನ್ನು ತಾಲೂಕು ಕ್ರೀಡಾಕೂಟಕ್ಕೆ ಕಳುಹಿಸಲಾಗಿದೆ. ಬಾಲಕಿಯರ ತಂಡವನ್ನು ಕಳುಹಿಸಿರುವುದಿಲ್ಲ. ಇದು ಸಂವಿಧಾನದ 14 ಮತ್ತು 15ನೇ ವಿಧಿಗೆ ವಿರುದ್ಧವಾಗಿದೆ. ಶಿಕ್ಷಣ ಹಕ್ಕು ಕಾಯ್ದೆಯ ಕಲಂ 32ರಂತೆ ಈ ದೂರನ್ನು ಪರಿಗಣಿಸಿ ಲಿಖಿತ ಉತ್ತರ ನೀಡಬೇಕಾಗಿ ವಿನಂತಿ." ಕೆಳಗ ನಿಮ್ಮ ಪಟ್ಟಿ ಹಚ್ಚರಿ. 32ನೇ ಕಲಂ ಯಾಕ ಬರೀಬೇಕು ಅಂದ್ರ, ಅದರಡಿ ಸ್ಥಳೀಯ ಪ್ರಾಧಿಕಾರ (ಪಂಚಾಯತಿ, ನಗರಸಭೆಯಂಥಾದ್ದು) ಮೂರು ತಿಂಗಳೊಳಗ ನಿರ್ಣಯ ಮಾಡಬೇಕು, ಅದಕ್ಕ ಒಪ್ಪಿಗೆ ಆಗಲಿಲ್ಲ ಅಂದ್ರ ಮಕ್ಕಳ ಹಕ್ಕುಗಳ ರಕ್ಷಣಾ ಆಯೋಗಕ್ಕ ಅಪೀಲು ಹೋಗಬಹುದು. ಇದು ನಮ್ಮ ಟೇಬಲ್ ಅಲ್ಲ ಅಂತ ಒಬ್ಬರ ಮ್ಯಾಲೆ ಒಬ್ರು ಹಾಕಬಾರದು ಅಂತಿದ್ರ ಗ್ರಾಮ ಪಂಚಾಯತಿ ಪಿಡಿಒಗೆ, ಶಿಕ್ಷಣ ಇಲಾಖೆಯ ಜಿಲ್ಲಾ ಉಪನಿರ್ದೇಶಕರಿಗೆ (ಡಿಡಿಪಿಐ), ಜಿಲ್ಲಾ ಪಂಚಾಯತಿ ಸಿಇಒಗೆ ಒಂದೊಂದು ಪ್ರತಿ ಕೊಡ್ರಿ. ಮತ್ತ ಪ್ರತಿ ಕಡೆನೂ ನಿಮ್ಮ ಕಾಪಿ ಮ್ಯಾಲೆ ಸೀಲು, ತಾರೀಖು ಹಾಕಿಸ್ಕೊಳ್ರಿ, ಹಾಕಂಗಿಲ್ಲ ಅಂದ್ರ ರಿಜಿಸ್ಟರ್ ಪೋಸ್ಟ್ ಮಾಡ್ರಿ. ಸೀಲಿಲ್ಲದ ಅರ್ಜಿ ಕೊಟ್ಟಂಗೇ ಅಲ್ಲ. ಕ್ರೀಡಾಕೂಟ ಮುಗದ ಮ್ಯಾಲೆ ಕೊಟ್ರ ಆ ವರ್ಷದ ಆಟ ಹೋದಂಗೇ, ಅದಕ್ಕ ಸಾಲಿ ಶುರು ಆದ ಕೂಡ್ಲೇ ಜೂನ್‌ನ್ಯಾಗ ಕೇಳ್ರಿ.

ಮಗಳು 9ನೇತ್ತ, 10ನೇತ್ತ ಇದ್ರ ಅಥವಾ ಪಿಯುಸಿ ಇದ್ರ? ಆರ್‌ಟಿಇ 8ನೇತ್ತಕ್ಕ ನಿಲ್ಲತೈತಿ. ಆದ್ರ ಮಕ್ಕಳ ಆಯೋಗದ ಕೆಲಸ 18 ವರ್ಷದವರೆಗೂ ಐತಿ, ಸರ್ಕಾರಿ ಸಾಲಿ-ಕಾಲೇಜಿಗೆ 14, 15ನೇ ವಿಧಿ ಹಂಗೇ ಇರತಾವು, ಹಂಗಾಗಿ 32ನೇ ಕಲಂ ತೆಗೆದು ಉಳಿದದ್ದು ಅದೇ ಅರ್ಜಿ ಕೊಡ್ರಿ.

ಆಟದ ಮಾತು ಬಿಟ್ಟು ಸಾಲಿಗೇ ಬಿಡಲಾರದ ಸಂಗತಿ ಹೇಳತೀನಿ, ಯಾಕಂದ್ರ ನಮ್ಮ ಕಡೆ ಇದೇ ದೊಡ್ಡದು. ಹತ್ತಿ ಬಿಡಸಾಕ, ಮೆಣಸಿನಕಾಯಿ ಹರಿಯಾಕ, ಗುಳೆ ಹೋದಾಗ ಸಣ್ಣ ತಮ್ಮನ್ನ ನೋಡ್ಕೊಳಾಕ ಅಂತ ಬಿಡಸೋದು ಹುಡುಗಿಯನ್ನ, ಹುಡುಗನ್ನ ಅಲ್ಲ. ವಾಪಸ್ ಬಂದಾಗ ಟಿಸಿ ಇಲ್ಲ, ಹಾಜರಿ ಇಲ್ಲ ಅಂತ ಸಾಲ್ಯಾಗ ತಗೊಳಂಗಿಲ್ಲ. ಟಿಸಿ ತಡ ಆಯ್ತು ಅಂತ ಪ್ರವೇಶ ನಿರಾಕರಿಸಂಗಿಲ್ಲ ಅಂತ ಆರ್‌ಟಿಇ 5ನೇ ಕಲಂ ಹೇಳತೈತಿ, ವಯಸ್ಸಿಗೆ ತಕ್ಕ ಕ್ಲಾಸಿಗೆ ಸೇರಸ್ಕೋಬೇಕು ಅಂತ 4ನೇ ಕಲಂ. ಬಾಲ್ಯವಿವಾಹ ಆದ ಹುಡುಗಿಯನ್ನ "ಬ್ಯಾರೆ ಹುಡುಗ್ಯಾರು ಕೆಡತಾರ" ಅಂತ ದೂರ ಇಡೋದಂತೂ ನನಗ ತಡಕೊಳಾಕ ಆಗಂಗಿಲ್ಲ, ತಪ್ಪು ಮಾಡಿದ್ದು ದೊಡ್ಡವ್ರು, ಸಾಲಿ ಕಳ್ಕೊಳೋದು ಆ ಕೂಸು. ಇಂಥಾ ಯಾವುದಕ್ಕೂ ಮಕ್ಕಳ ಸಹಾಯವಾಣಿ 1098ಕ್ಕ ಫೋನ್ ಮಾಡ್ರಿ, ಹಗಲು-ರಾತ್ರಿ ನಡೀತೈತಿ.

ಟ್ರಾನ್ಸ್‌ಜೆಂಡರ್ ಮಕ್ಕಳ ವಿಷಯಕ್ಕ ಕಾನೂನು ಇನ್ನೂ ಸ್ಪಷ್ಟ ಐತಿ, 2019ರ ಕಾಯ್ದೆಯ 13ನೇ ಕಲಂ ಸರ್ಕಾರದ ಮಾನ್ಯತೆ ಇರೋ ಎಲ್ಲಾ ಸಾಲಿಗೂ ಪಾಠ, ಆಟ ಎರಡರಾಗೂ ತಾರತಮ್ಯ ಮಾಡಬ್ಯಾಡ್ರಿ ಅನ್ನತೈತಿ. ಜೋಗತಿ ಮಂಜಮ್ಮನವರಿಗೆ ಪದ್ಮಶ್ರೀ ಬಂದಾಗ ಹೆಮ್ಮೆ ಪಟ್ಟ ನಾಡು ಇದು, ಕ್ಲಾಸಿನ್ಯಾಗ ಕುಂತ ಅಂಥಾ ಕೂಸಿಗೂ ಜಾಗ ಕೊಡಬೇಕು.

ಒಂದು ವಿಷಯ ಮಾತ್ರ ಎಸ್‌ಡಿಎಂಸಿ ಮುಂದ ಒಯ್ಯಬ್ಯಾಡ್ರಿ. ಕೋಚ್ ಆಗಲಿ, ಮಾಸ್ತರ್ ಆಗಲಿ ಮೈ ಮುಟ್ಟಿದ್ರ, ಕೆಟ್ಟ ಮಾತಾಡಿದ್ರ, ಊರ ಹಿರಿಯರು ರಾಜಿ ಮಾಡಿ ಮುಗಸಾಕ ಬರತಾರ. ರಾಜಿ ಮಾಡಂಗಿಲ್ಲ. 18ರ ಒಳಗಿನ ಹುಡುಗಿ ಅಂದ್ರ ಪೋಕ್ಸೋ (ಮಕ್ಕಳ ಮ್ಯಾಲಿನ ಲೈಂಗಿಕ ಅಪರಾಧ ತಡೆಯೋ ಕಾಯ್ದೆ), ನೇರ ಪೊಲೀಸ್ ಠಾಣೆ ಇಲ್ಲ 1098, ಗೊತ್ತಿದ್ದೂ ಹೆಡ್‌ಮಾಸ್ಟರ್ ತಿಳಸಲಿಲ್ಲ ಅಂದ್ರ ಅದೂ ಅಪರಾಧ. ಕಾಲೇಜು ಹುಡುಗಿಯಾದ್ರ ಕೆಲಸದ ಜಾಗದಾಗ ಹೆಣ್ಮಕ್ಕಳ ಮ್ಯಾಲಿನ ಲೈಂಗಿಕ ಕಿರುಕುಳ ತಡೆಯೋ 2013ರ ಕಾಯ್ದೆ ಐತಿ, ಅದರಾಗ ಸ್ಟೇಡಿಯಮ್ಮು, ಕ್ರೀಡಾ ತರಬೇತಿ ಕೇಂದ್ರನೂ ಬರತಾವು, ಮೂರು ತಿಂಗಳೊಳಗ ಬರದು ಕೊಡಬೇಕು, ದೂರು ಕೇಳೋ ಅಲ್ಲಿನ ಆಂತರಿಕ ಸಮಿತಿಗೆ, ಅದು ಇಲ್ಲದಿದ್ರ ಜಿಲ್ಲೆಯ ಸ್ಥಳೀಯ ಸಮಿತಿಗೆ.

ವಕೀಲರ ಖರ್ಚಿಗೆ ಹೆದರಬ್ಯಾಡ್ರಿ. ಹೆಣ್ಮಕ್ಕಳಿಗೆ, ಮಕ್ಕಳಿಗೆ ಆದಾಯ ಎಷ್ಟೇ ಇರಲಿ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ಪುಕ್ಕಟೆ ವಕೀಲರನ್ನ ಕೊಡತೈತಿ, ಜಿಲ್ಲಾ ಕೋರ್ಟ್ ಆವರಣದಾಗ ಕೇಳ್ರಿ, ಇಲ್ಲ 15100ಕ್ಕ ಫೋನ್ ಹಚ್ಚರಿ. ಕೊನೆಗೆ ಹೈಕೋರ್ಟಿಗೆ ಹೋಗೋ ಪ್ರಸಂಗ ಬಂದ್ರೂ ಬೆಂಗಳೂರಿಗೆ ಓಡೋದು ಬೇಕಿಲ್ಲ, ಕೊಪ್ಪಳ, ಬಳ್ಳಾರಿಯವರಿಗೆ ಧಾರವಾಡ ಪೀಠ, ರಾಯಚೂರಿನವರಿಗೆ ಕಲಬುರಗಿ ಪೀಠ, ಸೀಲು ಬಿದ್ದ ಆ ಕಾಪಿಗಳನ್ನೆಲ್ಲ ಒಂದು ಫೈಲಿನ್ಯಾಗ ಹಾಕಿ ತಗೊಂಡು ಹೋಗ್ರಿ.