ಬ್ರಿಟಲ್‌ಬುಷ್ ನೆಡಿ, ಆಮೇಲೆ ಪೈಪ್ ಸುತ್ತಿಡಿ

ಅಮೆರಿಕದ ಅರಿಜೋನಾದಲ್ಲಿ, ಫೀನಿಕ್ಸ್ ಕಡೆ ಮನೆ ತಗೊಂಡ ನಮ್ಮವರು ಮೊದಲು ನೆಡುವುದು ಮಲ್ಲಿಗೆ, ಕರಿಬೇವು, ನಿಂಬೆ. ಅವು ಹಿತ್ತಲಲ್ಲಿರಲಿ. ಮನೆ ಮುಂದೆ ಜಲ್ಲಿ ಹಾಸಿದ, ಮಧ್ಯಾಹ್ನದ ಬಿಸಿಲು ನೇರ ಬಡಿಯುವ ಜಾಗಕ್ಕೆ ಈ ಮರುಭೂಮಿಯದೇ ಗಿಡ ಬೇಕು. ನನ್ನ ಓಟು ಬ್ರಿಟಲ್‌ಬುಷ್‌ಗೆ. ಸೇವಂತಿಗೆ, ಸೂರ್ಯಕಾಂತಿ, ಡೇಸಿಗಳ ಕುಟುಂಬದ್ದೇ ಇದು. ಮಾರ್ಚ್‌ನಲ್ಲಿ ಇಲ್ಲಿನ ಸೌತ್ ಮೌಂಟನ್ ಗುಡ್ಡದ ಇಳಿಜಾರಿನ ತುಂಬ ಹಳದಿ ಕಾಣುತ್ತದಲ್ವಾ, ಅದೇ. ಬೂದು ಎಲೆಯ ಗುಂಡನೆ ಪೊದೆ. ಅದರಿಂದ ಮೇಲೆದ್ದ ಬೋಳು ಕಡ್ಡಿಗಳ ತುದಿಯಲ್ಲಿ ಹೂ. ಯುಗಾದಿ ಹೊತ್ತಿಗೆ ಚೆನ್ನಾಗಿ ಅರಳಿರುತ್ತದೆ.

ನೆಡಲು ಅಕ್ಟೋಬರ್, ನವೆಂಬರ್ ಒಳ್ಳೆಯದು. ಚಳಿಗಾಲವಿಡೀ ಬೇರು ಇಳಿಯಲು ಸಮಯ ಸಿಗುತ್ತದೆ. ನರ್ಸರಿಯಲ್ಲಿ 5 ಗ್ಯಾಲನ್ ಕುಂಡದ ದೊಡ್ಡ ಗಿಡ ಕಣ್ಣು ಸೆಳೆಯುತ್ತದೆ, ಆದರೆ 1 ಗ್ಯಾಲನ್‌ದೇ ಸಾಕು, ಬೇಗ ಹೊಂದಿಕೊಳ್ಳುತ್ತದೆ. ಡೆಸರ್ಟ್ ಬೊಟಾನಿಕಲ್ ಗಾರ್ಡನ್‌ನವರು ವಸಂತ ಮತ್ತು ಶರತ್ಕಾಲದಲ್ಲಿ ಗಿಡ ಮಾರಾಟ ಇಡುತ್ತಾರೆ, ಅಲ್ಲೂ ನೋಡಿ. ಗುಡ್ಡದಿಂದ ಕಿತ್ತು ತರಬೇಡಿ. ಪಾರ್ಕುಗಳಲ್ಲಿ ಅದಕ್ಕೆ ಅನುಮತಿಯಿಲ್ಲ.

ಇಡೀ ದಿನ ಬಿಸಿಲು ಬೀಳುವ ಜಾಗ ಆರಿಸಿ. ನೆರಳಿದ್ದರೆ ಗಿಡ ಸೊರಗಿ ಉದ್ದಕ್ಕೆ ಹೋಗುತ್ತದೆ. ಮೂರು–ನಾಲ್ಕು ಅಡಿ ಹರಡುವುದರಿಂದ ಓಡಾಡುವ ದಾರಿಗೆ ಅಂಟಿಸಿ ನೆಡಬೇಡಿ. ಕಾಂಡ ಬಲು ಪೆಡಸು, ಮಗು ಚೆಂಡು ಎಸೆದರೂ ಲಟಕ್ ಅಂತ ಮುರಿಯುತ್ತದೆ.

ಕುಂಡದಷ್ಟೇ ಆಳ, ಅದರ ಎರಡರಷ್ಟು ಅಗಲದ ಗುಂಡಿ ತೋಡಿ. ತೋಡುವಾಗ ಗುದ್ದಲಿ ಠಣ್ ಅಂದರೆ ಅದು ಕ್ಯಾಲಿಚಿ, ಅಂದರೆ ಸುಣ್ಣ ಗಟ್ಟಿಯಾಗಿ ಕಟ್ಟಿದ ಪದರ. ಗುಂಡಿ ತುಂಬ ನೀರು ಬಿಟ್ಟು ನೋಡಿ. ಮಾರನೇ ದಿನವೂ ನಿಂತಿದ್ದರೆ ಆ ಪದರ ಒಡೆಯಬೇಕು, ಇಲ್ಲವೇ ಜಾಗ ಬದಲಿಸಬೇಕು. ಗೊಬ್ಬರ, ಕಾಂಪೋಸ್ಟ್ ಏನೂ ಬೇಡ. ತೆಗೆದ ಮಣ್ಣನ್ನೇ ವಾಪಸ್ ತುಂಬಿ.

ಇನ್ನು ನೀರು. ನೆಟ್ಟ ಮೊದಲ ಕೆಲವು ವಾರ ಮೂರು–ನಾಲ್ಕು ದಿನಕ್ಕೊಮ್ಮೆ ಕೊಡಿ, ಆಮೇಲೆ ಅಂತರ ಹೆಚ್ಚಿಸಿ. ಮೊದಲ ಬೇಸಿಗೆಯಲ್ಲಿ ವಾರಕ್ಕೊಮ್ಮೆ. ಎರಡನೇ ವರ್ಷದಿಂದ ಬೇಸಿಗೆಯಲ್ಲಿ ತಿಂಗಳಿಗೆ ಒಂದೆರಡು ಸಲ ಆಳಕ್ಕೆ ಇಳಿಯುವಂತೆ ಕೊಟ್ಟರೆ ಮುಗಿಯಿತು. ನಿಂಬೆಗೆ ಹೋಗುವ ಡ್ರಿಪ್ ಲೈನಿಗೆ ಇದನ್ನು ಸೇರಿಸಬೇಡಿ. ನೀರು ಜಾಸ್ತಿಯಾದರೆ ಪೊದೆ ಸಡಿಲವಾಗಿ ಬೀಳುತ್ತದೆ, ಬೇರು ಕೊಳೆಯುತ್ತದೆ.

ಕಷ್ಟ ಇರುವುದು ಜೂನ್, ಜುಲೈನಲ್ಲಿ. 2023ರಲ್ಲಿ ಇಲ್ಲಿ ಸತತ 31 ದಿನ 110 ಫ್ಯಾರನ್‌ಹೀಟ್ ಅಥವಾ ಅದಕ್ಕೂ ಮೇಲೆ ಇತ್ತು, ಅಂದರೆ 43 ಡಿಗ್ರಿ ಸೆಲ್ಸಿಯಸ್‌ಗೂ ಜಾಸ್ತಿ. ಅಂಥ ಹೊತ್ತಲ್ಲಿ ಗಿಡ ಎಲೆ ಉದುರಿಸಿ ಕಡ್ಡಿಯಾಗಿ ನಿಲ್ಲುತ್ತದೆ. ಊರಿಂದ ಬಂದ ನಮ್ಮ ಅತ್ತೆಯವರು ದಿನಾ ಬೆಳಿಗ್ಗೆ ಚೊಂಬು ಹಿಡಿದು ಹೊರಡುತ್ತಿದ್ದರು. "ಪಾಪ, ಒಣಗ್ತಾ ಇದೆ ಕಣಮ್ಮಾ, ಒಂದು ತೊಟ್ಟು ಹಾಕಬಾರದಾ?" ಒಂದು ಎಲೆ ಕಿತ್ತು ಅವರ ಕೈಗಿಟ್ಟೆ. ಚಳಿಗಾಲದ ಎಲೆ ದೊಡ್ಡದು, ಹಸಿರು ಛಾಯೆಯದು. ಬಿಸಿಲಿನಲ್ಲಿ ಬಂದದ್ದು ಚಿಕ್ಕದು, ಬೆಳ್ಳಗೆ, ಮುಟ್ಟಿದರೆ ವೆಲ್ವೆಟ್ ಥರ. ಆ ಬಿಳಿ ಕೂದಲು ಬಿಸಿಲನ್ನು ಹಿಂದಕ್ಕೆ ಚೆಲ್ಲಿ ಎಲೆಯನ್ನು ತಂಪಾಗಿಡುತ್ತದೆ. ನೀರು ಕಡಿಮೆಯಾದಷ್ಟೂ ಕೂದಲು ದಟ್ಟ. ಅತ್ತೆಯವರಿಗೆ ಪೂರ್ತಿ ಒಪ್ಪಿಗೆಯಾಗಲಿಲ್ಲ, ಆದರೆ ಚೊಂಬು ತುಳಸಿ ಕಡೆ ತಿರುಗಿತು. ಗಿಡ ಸತ್ತಿದೆಯಾ ಅಂತ ಅನುಮಾನ ಬಂದರೆ ಕಾಂಡವನ್ನು ಉಗುರಲ್ಲಿ ಸ್ವಲ್ಪ ಕೆರೆಯಿರಿ. ಒಳಗೆ ಹಸಿರಿದ್ದರೆ ಸುಮ್ನೆ ಬಿಡಿ, ಮಳೆ ಬಿದ್ದ ಮೇಲೆ ಚಿಗುರುತ್ತದೆ.

ಹೂ ಮುಗಿದ ಕಡ್ಡಿಗಳನ್ನು ತಕ್ಷಣ ಕತ್ತರಿಸಬೇಡಿ. ಗೋಲ್ಡ್‌ಫಿಂಚ್ ಹಕ್ಕಿಗಳು ಬೀಜ ತಿನ್ನಲು ಬರುತ್ತವೆ. ಅವುಗಳ ಊಟ ಮುಗಿಯಲಿ. ಪೊದೆ ತೀರಾ ಮುದಿಯಾಗಿದ್ದರೆ ಬಿಸಿಲು ಇಳಿದ ಮೇಲೆ, ಶರತ್ಕಾಲದಲ್ಲಿ, ಚೆನ್ನಾಗಿ ಸವರಿ. ಕೈಗವಸು ಹಾಕಿಕೊಳ್ಳಿ, ಕಾಂಡದಿಂದ ಅಂಟು ಬರುತ್ತದೆ. ಹಿಂದೆ ಸ್ಪೇನಿನ ಪಾದ್ರಿಗಳು ಚರ್ಚುಗಳಲ್ಲಿ ಇದೇ ಅಂಟನ್ನು ಧೂಪವಾಗಿ ಸುಡುತ್ತಿದ್ದರು, ನಮ್ಮಲ್ಲಿ ಸಾಂಬ್ರಾಣಿ ಹಾಕುವ ಹಾಗೆ. ಹಿಮ ಬಿದ್ದು ತುದಿ ಕಪ್ಪಾದರೆ ಫೆಬ್ರವರಿ ಕೊನೆಯವರೆಗೆ ಮುಟ್ಟಬೇಡಿ. ಒಮ್ಮೊಮ್ಮೆ ನೀಲಿ–ಹಸಿರು ಮಿಂಚುವ ಹುಳುಗಳು ಎಲೆಯನ್ನೆಲ್ಲ ಮೇಯುತ್ತವೆ. ಔಷಧಿ ಬೇಡ, ಗಿಡ ಚೇತರಿಸಿಕೊಳ್ಳುತ್ತದೆ.

ಉದುರಿದ ಬೀಜದಿಂದ ಜಲ್ಲಿ ಸಂದಿಯಲ್ಲಿ ಸಸಿ ಏಳುತ್ತವೆ. ಬೇಕಾದವನ್ನು ಚಿಕ್ಕದಿರುವಾಗಲೇ ಕಿತ್ತು ಬೇರೆ ಕಡೆ ನೆಡಿ. ಬೀಜ ಊರಿಗೆ ಕಳಿಸುವ ಯೋಚನೆ ಮಾತ್ರ ಬೇಡ. ಇಲ್ಲಿ ವರ್ಷಕ್ಕೆ ಸುಮಾರು 7 ಇಂಚು ಮಳೆ, ಬೆಂಗಳೂರಿನಲ್ಲಿ ಅದರ ಐದು ಪಟ್ಟು. ಬೇರು ಕೊಳೆಯುವುದೇ ಜಾಸ್ತಿ. ಕೊಳೆಯದೆ ಹಬ್ಬಿಬಿಟ್ಟರೆ ಅದು ಇನ್ನೂ ಕೆಟ್ಟದ್ದು. ಕಾಂಗ್ರೆಸ್ ಗಿಡ ಅಮೆರಿಕ ಖಂಡದಿಂದ ಬಂದದ್ದೇ, ಕುಟುಂಬವೂ ಇದರದ್ದೇ. ಅಲ್ಲಿನ ಒಣ ಜಾಗಕ್ಕೆ ಹಳದಿ ಹೂ ಬೇಕಿದ್ದರೆ ತಂಗಡಿ ಗಿಡ ಇದೆಯಲ್ಲ, ಅದನ್ನೇ ನೆಡಲು ಹೇಳಿ.