ಮಳೆ, ಮಂಜು, ಧರೆ: ಊರಿನ ಪದಗಳನ್ನು ನಾನು ಕೂಡಿಸಿದ ಬಗೆ

ನಾನು ಶಿರಸಿ ತಾಲೂಕಿನ ಒಂದು ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಕಲಿಸುತ್ತೇನೆ. ಹುಟ್ಟಿ ಬೆಳೆದದ್ದು ನವಲಗುಂದದ ಎರೆ ಹೊಲಗಳ ನಡುವೆ. ಶಿರಸಿಯಲ್ಲಿ ವರ್ಷಕ್ಕೆ ಸುಮಾರು 2,500 ಮಿಲಿಮೀಟರ್ ಮಳೆ ಬೀಳುತ್ತದೆ. ನಮ್ಮ ಕಡೆ ಅದರ ಕಾಲು ಭಾಗ ಬಿದ್ದರೆ ಒಳ್ಳೇ ವರ್ಷ. ಹಾಗಾಗಿ ಮಳೆ, ಮಣ್ಣು, ಗುಡ್ಡದ ಬಗ್ಗೆ ಇಲ್ಲಿನವರು ಆಡುವ ಎಷ್ಟೋ ಪದಗಳು ನನಗೆ ಹೊಸವು. ಅವನ್ನು ಮಕ್ಕಳ ಜೊತೆ ಸೇರಿ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಡುತ್ತಾ ಬಂದಿದ್ದೇನೆ. ತಮ್ಮೂರಲ್ಲೂ ಇದನ್ನು ಮಾಡಬೇಕು ಅನ್ನುವವರಿಗಾಗಿ ಈ ಬರಹ.

ಮೊದಲ ಮಾತು ಕೇಳುವ ರೀತಿಯದು. "ಮಂಜಿಗೆ ನಿಮ್ಮಲ್ಲಿ ಏನಂತಾರೆ?" ಅಂತ ಕೇಳಿದರೆ "ಮಂಜು" ಅಂತಾರೆ. ಮಾತು ಅಲ್ಲಿಗೇ ಮುಗಿಯಿತು. ಅದರ ಬದಲು ಕೆಲಸದ ಬಗ್ಗೆ ಕೇಳಬೇಕು. ಇವತ್ತು ಯಾಕೆ ಔಷಧಿ ಹೊಡೆಸಲಿಲ್ಲ? ಈ ಗದ್ದೆಗೆ ಯಾಕೆ ಮೊದಲು ಬಿತ್ತಿದಿರಿ? ಆಗ ಪದ ತಾನಾಗಿಯೇ ಬರುತ್ತದೆ, ಅರ್ಥವನ್ನೂ ಜೊತೆಗೇ ತರುತ್ತದೆ.

ನನಗೆ ಹಾಗೆ ಸಿಕ್ಕಿದ ಪದ "ಹೊಳವು". ಜುಲೈ ತಿಂಗಳು. ಅಡಿಕೆಗೆ ಕೊಳೆ ರೋಗ ಬರದಂತೆ ಮೈಲುತುತ್ತ ಮತ್ತು ಸುಣ್ಣದ ದ್ರಾವಣ ಹೊಡೆಸುವ ಹೊತ್ತು. ಯಾಕೆ ಇನ್ನೂ ಶುರುವಾಗಿಲ್ಲ ಅಂತ ಪಕ್ಕದ ತೋಟದ ಅಜ್ಜನನ್ನು ಕೇಳಿದೆ. "ಹೊಳವಾಗ್ಲಿ ಅಕ್ಕೋರೆ, ಕೊನೆಗೌಡ ಕಾಯ್ತಾ ಇದ್ದಾನೆ" ಅಂದರು. ಬಿಸಿಲು ಬರಲೇಬೇಕು ಅಂತೇನಿಲ್ಲ. ಕೊನೆಗೌಡ ಅಂದರೆ ಅಡಿಕೆ ಮರ ಹತ್ತುವವನು, ಅವನ ಕಾಲು ಜಾರಬಾರದು. ಹೊಡೆದ ಔಷಧಿ ಗೊನೆಯ ಮೇಲೆ ಒಣಗಿ ಅಂಟಿಕೊಳ್ಳುವಷ್ಟು ಹೊತ್ತು ಹನಿ ನಿಲ್ಲಬೇಕು. ಅಷ್ಟಾದರೆ ಹೊಳವು. ನಿಘಂಟಿನಲ್ಲಿ "ಮಳೆ ಬಿಡುವು" ಅಂತ ಬರೆದು ಬಿಟ್ಟರೆ ಇದರಲ್ಲಿ ಅರ್ಧವೂ ಬರುವುದಿಲ್ಲ. ಇದರ ಎದುರಿಗಿರುವುದು "ಹನಿ ಕಡಿಯದ ಮಳೆ". ಆರಿದ್ರ, ಪುನರ್ವಸು ಮಳೆಗಳಲ್ಲಿ ಇದು ಮಾಮೂಲು. ಅದರ ಜೊತೆ ಗಾಳಿ ಸೇರಿ ಮಳೆ ಜಗಲಿಯ ಒಳಗೆ ನುಗ್ಗಿದರೆ "ಇರಚಲು". ಅದನ್ನು ತಡೆಯಲು ಮನೆ ಸುತ್ತ ತಟ್ಟಿ ಕಟ್ಟುತ್ತಾರೆ. ಹಿರಿಯರು ತಾರೀಖಿನ ಬದಲು ಮಳೆ ನಕ್ಷತ್ರ ಹೇಳುವುದೇ ಜಾಸ್ತಿ. ಅದನ್ನು ಹಾಗೇ ಬರೆದು, ಪಕ್ಕದಲ್ಲಿ ತಾರೀಖನ್ನೂ ಹಾಕುತ್ತೇನೆ. ಒಂದೊಂದು ನಕ್ಷತ್ರ 13-14 ದಿನ. ಆರಿದ್ರ ಹುಟ್ಟುವುದು ಜೂನ್ 22ರ ಸುಮಾರಿಗೆ.

ಶಾಲೆಯ ಅಂಗಳದಲ್ಲಿ ಒಂದು ಮಳೆ ಮಾಪಕ ಇಟ್ಟಿದ್ದೇವೆ. ಹವಾಮಾನ ಇಲಾಖೆಯ ಲೆಕ್ಕದಂತೆ ಬೆಳಿಗ್ಗೆ ಎಂಟೂವರೆಗೆ ಅಳತೆ. ಮಿಲಿಮೀಟರ್ ಬರೆಯುವ ಮಗು ಪಕ್ಕದಲ್ಲಿ ಮನೆಯವರು ಆ ಮಳೆಗೆ ಹೇಳಿದ ಪದವನ್ನೂ ಬರೆಯಬೇಕು. ಇದರಿಂದ ಒಂದು ವಿಷಯ ಚೆನ್ನಾಗಿ ಗೊತ್ತಾಯಿತು. 24 ಗಂಟೆಯಲ್ಲಿ 64.5 ಮಿಲಿಮೀಟರ್ ದಾಟಿದರೆ ಇಲಾಖೆಗೆ ಅದು ಭಾರಿ ಮಳೆ. ಊರಿನವರ ಪದ ನೋಡುವುದು ಬೇರೆಯದನ್ನು: ನೀರು ನೆಲಕ್ಕೆ ಇಳಿಯಿತೋ, ಹರಿದು ಹೋಯಿತೋ? 40 ಮಿಲಿಮೀಟರ್ ಮಳೆ ಇಡೀ ದಿನ ಜಿಟಿಜಿಟಿ ಸುರಿದರೆ ಮಣ್ಣು ಕುಡಿಯುತ್ತದೆ. ಅಷ್ಟೇ ಮಳೆ ಅರ್ಧ ಗಂಟೆಯಲ್ಲಿ ಹೊಡೆದರೆ ಹಳ್ಳ ಕೆಂಪಾಗುತ್ತದೆ. ಅಂಕಿ ಒಂದೇ, ಪದ ಎರಡು. ರೈತನಿಗೆ ಅಂಕಿಗಿಂತ ಪದವೇ ಮುಖ್ಯ ಅಲ್ವಾ?

ಮಂಜಿನ ವಿಷಯದಲ್ಲಿ ಹೊತ್ತು, ತಿಂಗಳು ಎರಡನ್ನೂ ಬರೆಯಲೇಬೇಕು. ಮಳೆಗಾಲದಲ್ಲಿ ಗುಡ್ಡದ ಮೇಲೆ ಕವಿಯುವುದು ಕೆಳಗಿಳಿದ ಮೋಡ, ಮಧ್ಯಾಹ್ನವೂ ಇರುತ್ತದೆ. ಮಾಗಿಯ ಮಂಜು ಬೇರೆ. ಆಕಾಶ ತಿಳಿಯಾಗಿದ್ದ ರಾತ್ರಿ ನೆಲ ಬೇಗ ತಣ್ಣಗಾಗಿ, ತಗ್ಗಿನ ಗದ್ದೆಗಳಲ್ಲಿ ಹುಟ್ಟುತ್ತದೆ. ಬಿಸಿಲೇರಿದರೆ ಇಲ್ಲ. ಇಬ್ಬನಿ ಗಾಳಿಯಲ್ಲಿ ತೇಲುವುದೇ ಇಲ್ಲ, ತಣ್ಣಗಾದ ಎಲೆ, ಹುಲ್ಲಿನ ಮೇಲೆ ಕೂರುತ್ತದೆ. ಇಲ್ಲಿ ಮಾವಿನ ಹೂವಿನ ಕಾಲಕ್ಕೆ ಮಂಜು, ಇಬ್ಬನಿ ಅಂದರೆ ಜನಕ್ಕೆ ಚಿಂತೆ. ನಮ್ಮ ನವಲಗುಂದದಲ್ಲಿ ಹಿಂಗಾರಿ ಕಡಲೆ, ಬಿಳಿಜೋಳಕ್ಕೆ ಇಬ್ಬನಿ ಬಿತ್ತು ಅಂದರೆ ಖುಷಿ. ಆ ಬೆಳೆಯನ್ನು ನಿಜವಾಗಿ ಸಾಕುವುದು ಎರೆ ಮಣ್ಣು ಹಿಡಿದಿಟ್ಟ ಹಸಿ. ಆದರೂ ಇಬ್ಬನಿ ಅನ್ನುವಾಗ ಅವ್ವನ ದನಿಯಲ್ಲಿದ್ದ ನೆಮ್ಮದಿಯನ್ನು ನಾನು ಟಿಪ್ಪಣಿಯಲ್ಲಿ ಬರೆದಿದ್ದೇನೆ. ಅದೂ ಪದದ ಭಾಗವೇ.

ನೆಲದ ಪದಗಳಿಗೆ ನಡೆಯುವುದೊಂದೇ ದಾರಿ. ಮಕ್ಕಳನ್ನು ಕರೆದುಕೊಂಡು ಗುಡ್ಡದ ನೆತ್ತಿಯಿಂದ ಹಳ್ಳದವರೆಗೆ ಇಳಿಯುತ್ತೇನೆ. ದಾರಿಯಲ್ಲಿ ನೆಲ ಬದಲಾದಲ್ಲೆಲ್ಲ ನಿಂತು ಹೆಸರು ಕೇಳುತ್ತೇವೆ. ದಟ್ಟ ಹಸಿರು ಕಾಡು "ಕಾನು". ತೋಟಕ್ಕೆ ಸೊಪ್ಪು ಕೊಯ್ಯುವ ಜಾಗ "ಸೊಪ್ಪಿನಬೆಟ್ಟ". ಹುಲ್ಲು ಬೆಳೆಯುವ, ದನ ಮೇಯುವ ಜಾಗ "ಬ್ಯಾಣ". ಕೆಳಗೆ ತೋಟ, ಗದ್ದೆ, ಹಳ್ಳ. ಇದನ್ನೆಲ್ಲ ಒಂದು ಉದ್ದ ಹಾಳೆಯಲ್ಲಿ ಇಳಿಜಾರಿನ ಚಿತ್ರವಾಗಿ ಬರೆಸುತ್ತೇನೆ. ಅಕಾರಾದಿ ಪಟ್ಟಿಗಿಂತ ಇದೇ ಒಳ್ಳೆಯದು, ಯಾಕಂದರೆ ಯಾವುದರ ನೀರು ಯಾವುದಕ್ಕೆ ಇಳಿಯುತ್ತದೆ ಅಂತ ಕಣ್ಣಿಗೆ ಕಾಣುತ್ತದೆ.

"ಧರೆ" ಅಂದರೆ ನನಗೆ ಭೂಮಿ ಅಷ್ಟೇ ಆಗಿತ್ತು. ಇಲ್ಲಿ ಧರೆ ಅಂದರೆ ಮನೆಗೋ ರಸ್ತೆಗೋ ಗುಡ್ಡ ಕಡಿದಾಗ ಉಳಿಯುವ ಗೋಡೆಯಂಥ ಮಣ್ಣು. ಮನೆ ಹಿಂದಿನ ಧರೆ ಜರಿಯುವುದು ಬೇರೆ, ಗುಡ್ಡವೇ ಕುಸಿಯುವುದು ಬೇರೆ. 2024ರ ಜುಲೈ 16ರಂದು ಅಂಕೋಲಾ ತಾಲೂಕಿನ ಶಿರೂರಿನಲ್ಲಿ ಹೆದ್ದಾರಿ ಪಕ್ಕದ ಗುಡ್ಡ ಕುಸಿದು ಜೀವಗಳು ಹೋದವು. ಅದಾದ ಮೇಲೆ ಈ ಎರಡು ಪದಗಳನ್ನು ಬಿಡಿಸಿ ಕಲಿಸುವುದನ್ನು ನಾನು ತಪ್ಪಿಸಿಲ್ಲ. ಇವುಗಳ ಜೊತೆ "ಜಲ ಒಡೆಯುವುದು" ಅನ್ನುವುದನ್ನೂ ಹೇಳಿಕೊಡುತ್ತೇನೆ. ವಾರಗಟ್ಟಲೆ ಮಳೆ ಕುಡಿದ ಮಣ್ಣಿನಿಂದ ನೀರು ಕಂಡಕಂಡಲ್ಲಿ ಉಕ್ಕುತ್ತದೆ. ಕೆಲವು ಮನೆಗಳ ಒಳಗೇ ಏಳುತ್ತದೆ. ಮಾಮೂಲಿ ಜಾಗದಲ್ಲಿ ತಿಳಿನೀರು ಬಂದರೆ ಹೆದರಬೇಕಿಲ್ಲ. ಎಂದೂ ಇಲ್ಲದ ಕಡೆ ಕೆಸರು ನೀರು ಬಂದು, ಧರೆಯಲ್ಲಿ ಬಿರುಕೂ ಕಂಡರೆ ತಕ್ಷಣ ದೊಡ್ಡವರಿಗೆ ಹೇಳಬೇಕು, ಅಲ್ಲಿ ಮಲಗಬಾರದು.

ಬರೆದಿಡುವ ಕ್ರಮ ಸರಳ. ಪದ, ಊರು, ತಿಂಗಳು, ಹೇಳಿದವರ ಕೆಲಸ, ಅವರು ಆಡಿದ ಪೂರ್ತಿ ವಾಕ್ಯ. ವಾಕ್ಯ ಇಲ್ಲದ ಪದವನ್ನು ಪೆನ್ಸಿಲ್ಲಿನಲ್ಲಷ್ಟೇ ಬರೆಯುತ್ತೇನೆ. ಎರಡು ಊರಿನವರು ಬೇರೆ ಬೇರೆ ಅರ್ಥ ಹೇಳಿದರೆ ಎರಡನ್ನೂ ಉಳಿಸುತ್ತೇನೆ. ಈಗ ಅಂಥ ಜಗಳ ನಡೆದಿರುವುದು "ಮಕ್ಕಿ" ಮೇಲೆ. ಮಳೆ ನೀರನ್ನೇ ನಂಬಿದ ಎತ್ತರದ ಗದ್ದೆ ಅನ್ನುವುದರಲ್ಲಿ ಎಲ್ಲರೂ ಒಪ್ಪುತ್ತಾರೆ. ಎಷ್ಟು ಎತ್ತರದಿಂದ ಮಕ್ಕಿ ಶುರು ಅನ್ನುವುದರಲ್ಲಿ ಹಳ್ಳದ ಆಚೆಯ ಮಕ್ಕಳು, ಈಚೆಯ ಮಕ್ಕಳು ಇನ್ನೂ ಒಪ್ಪಿಲ್ಲ. ಮುಂದಿನ ಬಿತ್ತನೆಗೆ ಎರಡೂ ಕಡೆಯ ಗದ್ದೆಗಳಿಗೆ ಹೋಗಿ ನೋಡುವುದು ಅಂತ ಮಾತಾಗಿದೆ.