ತಿಂಗಳು ಅಳಿಸಿದ ಹೊನ್ನಬ್ಬೆ

ನನ್ನ ಫ್ಯಾಂಟಸಿ ಕಾದಂಬರಿಯ ಕೆಂದೊರೆ ಸೀಮೆಯಲ್ಲಿ ಹೊನ್ನಬ್ಬೆ ಅಂತ ಒಬ್ಬಳು ಪಂಡಿತೆ ಇದ್ದಾಳೆ. ಕಾಲವನ್ನು ಲೆಕ್ಕ ಹಾಕುವುದು ಅವಳ ಕೆಲಸ. ಅರ್ಧ ಸೀಮೆ ಅವಳಿಗೆ ಕೈ ಮುಗಿಯುತ್ತದೆ. ಇನ್ನರ್ಧ ಅವಳ ಹೆಸರೆತ್ತಿದರೆ ಉಗಿಯುತ್ತದೆ. ಇಂಥ ಪಾತ್ರವನ್ನು ಹೇಗೆ ಕಟ್ಟಿದಿರಿ ಅಂತ ಕಥೆ ಬರೆಯುವ ಗೆಳೆಯರು ಕೇಳುತ್ತಿರುತ್ತಾರೆ. ಅದನ್ನೇ ಇಲ್ಲಿ ಹೇಳುತ್ತೇನೆ.

ಕಾಲದ ಪಂಡಿತೆ ಅಂದ ಕೂಡಲೇ ಮನಸ್ಸು ಮಂತ್ರ, ಕಾಲಯಾನ, ನಿಂತುಹೋದ ಸೂರ್ಯನ ಕಡೆ ಓಡುತ್ತದೆ. ನಾನು ಅದ್ಯಾವುದನ್ನೂ ಮುಟ್ಟಲಿಲ್ಲ. ಕಾಲ ಅಂದರೆ ಏನು ಅನ್ನುವ ಚರ್ಚೆಗೆ ಯಾವ ಊರೂ ಕಲ್ಲೆತ್ತಿಕೊಳ್ಳುವುದಿಲ್ಲ. ಹಬ್ಬದ ದಿನ ಬದಲಾಗಲಿ, ಬಡ್ಡಿ ಕಟ್ಟುವ ಗಡುವು ಹಿಂದೆ ಮುಂದೆ ಆಗಲಿ, ಆಗ ನೋಡಿ! ಹಾಗಾಗಿ ಮೊದಲು ಆಕಾಶ, ಆಮೇಲೆ ಪಂಚಾಂಗ, ಕೊನೆಗೆ ಹೊನ್ನಬ್ಬೆ. ಈ ಕ್ರಮದಲ್ಲೇ ಕೆಲಸ ಮಾಡಿದೆ.

ಮಾದರಿಗೆ ದೂರ ಹೋಗಬೇಕಿರಲಿಲ್ಲ. ನಮ್ಮ ಚಾಂದ್ರಮಾನದ ಹನ್ನೆರಡು ತಿಂಗಳು ಸೇರಿದರೆ ಸುಮಾರು 354 ದಿನ. ಸೂರ್ಯನ ವರ್ಷಕ್ಕಿಂತ ಹನ್ನೊಂದು ದಿನ ಕಮ್ಮಿ. ಸುಮ್ನೆ ಬಿಟ್ಟರೆ ಯುಗಾದಿ ಕೆಲವೇ ವರ್ಷಗಳಲ್ಲಿ ಚಳಿಗಾಲಕ್ಕೆ ಜಾರಿಬಿಡುತ್ತದೆ. ಅದಕ್ಕೇ ಸುಮಾರು 32-33 ತಿಂಗಳಿಗೊಮ್ಮೆ ಅಧಿಕ ಮಾಸ ಬರುತ್ತದೆ. ಈ ಒಂದು ಏರ್ಪಾಡನ್ನು ಮಾತ್ರ ಎತ್ತಿಕೊಂಡೆ. ಅಂಕಿಗಳನ್ನು ನನ್ನ ಸೀಮೆಗೆ ಬೇಕಾದ ಹಾಗೆ ಇಟ್ಟುಕೊಂಡೆ.

ಕೆಂದೊರೆಯಲ್ಲಿ ವರ್ಷಕ್ಕೆ 388 ದಿನ. ತಿಂಗಳಿಗೆ ಇಪ್ಪತ್ತೇಳೂವರೆ ದಿನ. ಹದಿನಾಲ್ಕು ತಿಂಗಳಾದರೆ 385 ದಿನ, ವರ್ಷಕ್ಕೆ ಮೂರು ದಿನ ಕೊರತೆ. ಒಂಬತ್ತು ವರ್ಷಕ್ಕೆ 27 ದಿನ ಬಾಕಿ ಬೀಳುತ್ತದೆ. ಆಗ ದೇವಸ್ಥಾನದವರು ಒಂದು ತಿಂಗಳು ಸೇರಿಸುತ್ತಾರೆ. ಗಮನಿಸಿ, ಬೇಕಾಗಿದ್ದು 27 ದಿನ, ಸೇರಿಸಿದ್ದು ಇಪ್ಪತ್ತೇಳೂವರೆ. ಪ್ರತಿ ಸಲ ಅರ್ಧ ದಿನ ಜಾಸ್ತಿ. ಒಬ್ಬರ ಆಯುಸ್ಸಿನಲ್ಲಿ ಇದು ಕಣ್ಣಿಗೇ ಬೀಳುವುದಿಲ್ಲ. ಆದರೆ 495 ವರ್ಷದಲ್ಲಿ 55 ಸಲ ಸೇರಿಸಿದರೆ ಅರ್ಧರ್ಧ ದಿನ ಕೂಡಿ ಪೂರ್ತಿ ಒಂದು ತಿಂಗಳಾಗುತ್ತದೆ. ಹಿಂದೆ ಮಳೆಗೆ ಮುಂಚೆ ಬರುತ್ತಿದ್ದ ಬಿತ್ತನೆ ಹಬ್ಬ ಈಗ ಮಳೆ ಬಿದ್ದ ಮೇಲೆ ಬರುತ್ತಿದೆ. ಹೊನ್ನಬ್ಬೆ ಹೇಳುವುದು ಇಷ್ಟೇ: "ಈ ಸಲ ತಿಂಗಳು ಸೇರಿಸಬೇಡಿ."

ಲೆಕ್ಕ ಸರಿಯಾಗಿದೆ, ಅಲ್ವಾ? ಹಾಗಾದರೆ ಜಗಳ ಯಾಕೆ? ಪಾತ್ರ ಹುಟ್ಟಿದ್ದು ಈ ಪ್ರಶ್ನೆಯಲ್ಲಿ. ದಡ್ಡ ಪೂಜಾರಿಗಳು ಮತ್ತು ಜಾಣ ಪಂಡಿತೆ ಅಂತ ಬರೆದಿದ್ದರೆ ಎರಡು ಪುಟದಲ್ಲಿ ಕಥೆ ಮುಗಿಯುತ್ತಿತ್ತು. ಹಾಗೆ ಬರೆಯುವುದು ನನಗೆ ಅನ್ಯಾಯ ಅಂತಲೂ ಅನ್ನಿಸುತ್ತದೆ. ಅವಳ ಎದುರಾಳಿಗಳ ಕೈಯಲ್ಲೂ ನ್ಯಾಯ ಇರಬೇಕು. ಅದಕ್ಕೇ ಆ ಹೆಚ್ಚುವರಿ ತಿಂಗಳಿಗೆ ಒಂದು ಕಟ್ಟಳೆ ಮಾಡಿದೆ. ಅದು ದೇವರ ತಿಂಗಳು. ಆ ತಿಂಗಳು ಗೇಣಿ ಇಲ್ಲ, ಬಡ್ಡಿ ಇಲ್ಲ, ಜೀತದಾಳುಗಳನ್ನು ಯಾರೂ ಕೆಲಸಕ್ಕೆ ಕರೆಯುವ ಹಾಗಿಲ್ಲ. ಬಡವರು ಒಂಬತ್ತು ವರ್ಷ ಕಾಯುವ ತಿಂಗಳು ಅದು. ಹೊನ್ನಬ್ಬೆ ಅಳಿಸಲು ಹೊರಟಿರುವುದು ಅದನ್ನೇ. ಜಮೀನ್ದಾರರು ಅವಳ ಲೆಕ್ಕಕ್ಕೆ ಚಪ್ಪಾಳೆ ತಟ್ಟುತ್ತಾರೆ. ಅವಳಿಗೆ ಬೇಡದ ಬೆಂಬಲ ಅದು.

ಒಬ್ಬ ಗೇಣಿದಾರ ಅವಳ ಜಗುಲಿಗೆ ಬಂದು ಕೇಳುತ್ತಾನೆ: "ಅವ್ವಾ, ನೀವು ಹೇಳೋದು ಸರಿ ಇರಬಹುದು. ನಾನೂ ಮಳೆ ನೋಡಿದೀನಿ. ಆದರೆ ನನ್ನ ಮಗಳ ಮದುವೆ ಸಾಲಕ್ಕೆ ಒಂದು ತಿಂಗಳ ಬಡ್ಡಿ ಉಳೀತಿತ್ತು. ಅದನ್ನ ಯಾರು ಕೊಡ್ತಾರೆ?" ಈ ಮಾತು ಬರೆದ ಮೇಲೆ ನನಗೆ ಹೊನ್ನಬ್ಬೆಯ ಮುಖ ಕಾಣಿಸಿತು.

ಇತಿಹಾಸದಿಂದ ಎರಡು ಸಂಗತಿ ತುಂಬಾ ಸಹಾಯ ಮಾಡಿದವು. ಮೊದಲನೆಯದು ಆರ್ಯಭಟನದು. ಕ್ರಿ.ಶ. 499ರಲ್ಲಿ, ಇಪ್ಪತ್ತಮೂರರ ವಯಸ್ಸಿನಲ್ಲಿ, ಅವನು ಮಹಾಯುಗದ 43,20,000 ವರ್ಷವನ್ನು ಕೃತ, ತ್ರೇತಾ, ದ್ವಾಪರ, ಕಲಿ ಅಂತ ನಾಲ್ಕು ಯುಗಗಳಿಗೆ ಸಮ ಪಾಲು ಮಾಡಿದ. ಪರಂಪರೆ ಹೇಳುತ್ತಿದ್ದ ಪಾಲು 4:3:2:1. ಮುಂದೆ ಬಂದ ಇನ್ನೊಬ್ಬ ಗಣಿತಜ್ಞ ಬ್ರಹ್ಮಗುಪ್ತ 628ರಲ್ಲಿ ಈ ಸಮ ಪಾಲನ್ನು ಸ್ಮೃತಿಗೆ ವಿರೋಧ ಅಂತ ಕಟುವಾಗಿ ಟೀಕಿಸಿದ. ನನ್ನನ್ನು ಹಿಡಿದು ನಿಲ್ಲಿಸಿದ್ದು ಮುಂದಿನ ಭಾಗ. 665ರಲ್ಲಿ ಅದೇ ಬ್ರಹ್ಮಗುಪ್ತ ಬರೆದ ಗ್ರಂಥದ ಲೆಕ್ಕಗಳು ಆರ್ಯಭಟನ ಒಂದು ಪದ್ಧತಿಯ ಮೇಲೆಯೇ ನಿಂತಿವೆ. ದೇವಸ್ಥಾನದ ಮುಖ್ಯ ಗಣಕ ಸಭೆಯಲ್ಲಿ ಹೊನ್ನಬ್ಬೆಯನ್ನು ಹೀಗಳೆದು, ರಾತ್ರಿ ಗ್ರಹಣದ ಲೆಕ್ಕಕ್ಕೆ ಅವಳದೇ ಕೋಷ್ಟಕ ಬಿಚ್ಚುವ ದೃಶ್ಯ ನನಗೆ ಸಿಕ್ಕಿದ್ದು ಹೀಗೆ.

ಎರಡನೆಯದು ಯುರೋಪಿನ ಕ್ಯಾಲೆಂಡರ್ ತಿದ್ದುಪಡಿ. 1582ರಲ್ಲಿ ಪೋಪನ ಆಜ್ಞೆಯನ್ನು ಕೂಡಲೇ ಒಪ್ಪಿದ ನಾಡುಗಳಲ್ಲಿ ಅಕ್ಟೋಬರ್ 4 ಗುರುವಾರದ ಮರುದಿನ ಅಕ್ಟೋಬರ್ 15 ಶುಕ್ರವಾರವಾಯಿತು. ಬ್ರಿಟನ್ ಒಪ್ಪಿದ್ದು 1752ರಲ್ಲಿ. ಅಲ್ಲಿ ಸೆಪ್ಟೆಂಬರ್ 2ರ ಮರುದಿನ 14. ಹನ್ನೊಂದು ದಿನ ಹಾರಿಹೋದರೂ ಬಾಡಿಗೆ, ಸಾಲದ ಗಡುವು ಅಷ್ಟು ಬೇಗ ಬರಬಾರದು ಅಂತ ಕಾನೂನಿನಲ್ಲೇ ಬರೆದಿದ್ದರು. ಆಕಾಶಕ್ಕೆ ಒಂದು ಲೆಕ್ಕ, ಜೇಬಿಗೆ ಇನ್ನೊಂದು! ಹೊನ್ನಬ್ಬೆ ಕೊನೆಗೆ ಸಭೆಯ ಮುಂದೆ ಇಡುವ ಬೇಡಿಕೆ ಇದರಿಂದಲೇ ಬಂತು: ತಿಂಗಳು ಹೋಗಲಿ, ಆದರೆ ಆ ತಿಂಗಳ ಗೇಣಿ ಮತ್ತು ಬಡ್ಡಿ ಮಾಫಿಯಾಗಲಿ. ಅಲ್ಲಿಯವರೆಗೆ ಚಪ್ಪಾಳೆ ತಟ್ಟಿದ್ದ ಜಮೀನ್ದಾರರು ಆ ದಿನ ಅವಳಿಗೆ ಶತ್ರುಗಳಾದರು.

ಬರೆಯುವವರಿಗೆ ಒಂದು ಮಾತು. ಈ ಲೆಕ್ಕವನ್ನೆಲ್ಲ ಓದುಗರ ಮುಂದೆ ಸುರಿಯಬೇಡಿ. ನನ್ನ ಕಾದಂಬರಿಯಲ್ಲಿ ಅಂಕಿಗಳು ಬರುವುದು ಒಂದೇ ಕಡೆ. ಹೊನ್ನಬ್ಬೆ ಹುಣಸೆ ಬೀಜ ಜೋಡಿಸಿ ಆ ಗೇಣಿದಾರನಿಗೆ ಅರ್ಧ ದಿನ ಎಲ್ಲಿ ಸೇರುತ್ತದೆ ಅಂತ ತೋರಿಸುತ್ತಾಳೆ. ಆದರೆ ನಿಮ್ಮ ಹತ್ತಿರ ಮಾತ್ರ ಕೋಷ್ಟಕ ಪಕ್ಕಾ ಇರಲಿ. ಯಾವ ವರ್ಷ ಹಬ್ಬ ಎಲ್ಲಿ ಬೀಳುತ್ತದೆ, ಯಾರ ಗಡುವು ಎಂದು ತೀರುತ್ತದೆ, ಎಲ್ಲವನ್ನೂ ನಾನು ಎಕ್ಸೆಲ್‌ನಲ್ಲಿ ಹಾಕಿಟ್ಟಿದ್ದೇನೆ.

ಎರಡನೇ ಭಾಗ ಬರೆಯುವಾಗ ಅದು ಇನ್ನೂ ಜಾಸ್ತಿ ಬೇಕಾಗುತ್ತಿದೆ. ಹೊಳೆಯ ಬಡಗು ದಡ ಹೊನ್ನಬ್ಬೆಯ ಪಂಚಾಂಗ ಒಪ್ಪಿದೆ, ತೆಂಕು ದಡ ಒಪ್ಪಿಲ್ಲ. ಎರಡು ದಡಕ್ಕೂ ಒಂದು ತಿಂಗಳ ಅಂತರ. ದೋಣಿಯವರ ಕರಾರು, ದಾಟಿ ಬಂದ ಸೊಸೆಯರ ತವರಿನ ಹಬ್ಬ, ಕೊಲೆಯ ರಾತ್ರಿ ಯಾವುದು ಅನ್ನುವ ಸಾಕ್ಷಿ, ಎಲ್ಲ ಓಲೆಯ ಮೇಲೂ ಈಗ ಎರಡೆರಡು ತಾರೀಕು ಬರೆಯುತ್ತಿದ್ದೇನೆ.